ಖಾನಾವಳಿ ಅಕ್ಕ ಕೇಳಿಸಿಕೊಂಡ ಸಪ್ಪಳ

ಕಳೆದ ತಿಂಗಳು ಗಂಗಾವತಿಯಲ್ಲಿ ನನ್ನ ಕಣ್ಣಿನ ಆಪರೇಷನ್ ಆಯಿತು. ಒಂದು ಕಣ್ಣಿಗೆ ಪಟ್ಟಿ, ಇನ್ನೊಂದರಲ್ಲಿ ಮೊದಲಿನಿಂದಲೂ ಮಂಜು. ಡಾಕ್ಟರು ಚಿಕ್ಕವರು, ‘ರಿಲ್ಯಾಕ್ಸ್ ಅಜ್ಜಿ’ ಎಂದು ಭುಜ ತಟ್ಟಿ ಹೋದರು. ಮಧ್ಯಾಹ್ನ ಪಕ್ಕದ ಮಂಚದವರ ಮನೆಯಿಂದ ಬುತ್ತಿ ಬಂತು. ಗಂಟು ಬಿಚ್ಚಿದ್ದೇ ತಡ, ಜೋಳದ ರೊಟ್ಟಿಯ ವಾಸನೆ ಬಂತು. ಬಿಸಿ ಹಂಚಿನ ಮೇಲಿನ ರೊಟ್ಟಿಗೆ ಒದ್ದೆ ಬಟ್ಟೆ ಆಡಿಸಿದಾಗ ಹಿಟ್ಟು ಅರ್ಧ ಬೆಂದು ಅರ್ಧ ಸೀಯುತ್ತದಲ್ಲ, ಆ ವಾಸನೆ... ಏನೂ ಕಾಣದ ಆ ಕತ್ತಲಲ್ಲಿ ಅದು ನೇರವಾಗಿ ಎದೆಯೊಳಗೆ ಇಳಿಯಿತು. ನನ್ನ ಎಡಗೈ ತಾನೇ ಎದ್ದು ಬಲಗೈಯ ಮಣಿಕಟ್ಟನ್ನು ಗಟ್ಟಿಯಾಗಿ ಹಿಡಿದುಕೊಂಡಿತು.

ನರ್ಸ್ ಹುಡುಗಿ ನೋಡಿರಬೇಕು. “ಯಾಕ್ರಿ ಅಜ್ಜಿ, ನೋವೈತೇನ್ರಿ?” ಎಂದಳು. ಇಲ್ಲವೆಂದೆ. ನೋವಲ್ಲ ಎಂದು ಹೇಳಬಹುದು, ಆದರೆ ಏನು ಎಂದು ಹೇಳಲು ಎಪ್ಪತ್ತೈದು ವರ್ಷ ಹಿಂದಕ್ಕೆ, ಕುಕನೂರಿನ ಒಂದು ಖಾನಾವಳಿಯ ಅಡುಗೆಮನೆಗೆ ಆ ಹುಡುಗಿಯನ್ನು ಕರೆದೊಯ್ಯಬೇಕಾಗುತ್ತಿತ್ತು.

ಆ ಖಾನಾವಳಿಯನ್ನು ನಡೆಸುತ್ತಿದ್ದವಳನ್ನು ಊರೆಲ್ಲ ಖಾನಾವಳಿ ಅಕ್ಕಾರು ಎನ್ನುತ್ತಿತ್ತು. ನಮಗೆ ಬರೀ ಅಕ್ಕ. ಗಂಡ ತೀರಿಹೋಗಿ ವರ್ಷಗಳಾಗಿದ್ದವು, ಮಕ್ಕಳಿರಲಿಲ್ಲ. ಅಗಲ ಮೈ, ಹಣೆಯ ತುಂಬ ವಿಭೂತಿ, ಮೊಣಕೈಯವರೆಗೆ ಸದಾ ಹಿಟ್ಟು. ಪ್ರೀತಿಯ ಮಾತು ಆಡಿದ್ದನ್ನು ನಾನು ಕೇಳಿದ್ದು ಕಡಿಮೆ. ಉಳ್ಳಾಗಡ್ಡಿ ಎರಡನೆಯ ಸಲ ಕೇಳಿದ ಗಿರಾಕಿಗೆ, “ಹೊಲ ಬರೆದುಕೊಡ್ಲೇನು?” ಎನ್ನುತ್ತಿದ್ದಳು. ನನ್ನನ್ನು ಹೆಸರು ಹಿಡಿದು ಕರೆದವಳೇ ಅಲ್ಲ. ನಾವು ಕ್ಯಾಂಪಿನಿಂದ ಬಂದವರು, ಅದಕ್ಕೇ ನಾನು ‘ಕ್ಯಾಂಪವ್ವ’. ಮೊದಮೊದಲು ಆ ಹೆಸರಿಗೆ ಅಳು ಬರುತ್ತಿತ್ತು. ಆಮೇಲೆ, ಬೇರೆ ಯಾರಾದರೂ ಹಾಗೆ ಕರೆದರೆ ಸಿಟ್ಟು ಬರುವಷ್ಟು ಅದು ಅಕ್ಕನದಾಯಿತು.

ಕ್ಯಾಂಪು ಎಂದರೆ ಏನೆಂದು ಈಗಿನವರಿಗೆ ಹೇಳಬೇಕು. ನಾವು ನಿಜಾಮನ ಸೀಮೆಯವರು. ದೇಶಕ್ಕೆಲ್ಲ ಸ್ವಾತಂತ್ರ್ಯ ಬಂದರೂ ನಮ್ಮ ಕಡೆಗೆ ಅದು ಬರಲು ಮತ್ತೊಂದು ವರ್ಷದ ಮೇಲೆ ಹಿಡಿಯಿತು. ಆ ನಡುವಿನ ಕಾಲವನ್ನು ನಮ್ಮ ಹಿರಿಯರು ‘ಹಾವಳಿ’ ಎಂದು ಒಂದೇ ಮಾತಿನಲ್ಲಿ ಹೇಳಿ ಮುಗಿಸುತ್ತಿದ್ದರು. ಬಂದೂಕಿನ ಮಂದಿ ಹಳ್ಳಿಗೆ ನುಗ್ಗುತ್ತಿದ್ದರು, ಕಾಳು ಎತ್ತಿಕೊಂಡು ಹೋಗುತ್ತಿದ್ದರು, ಹೆಣ್ಣುಮಕ್ಕಳು ಕಂಡರೆ... ಗಂಡಸರು ಗಡಿ ದಾಟಿ ಗದಗಿನ ಕಡೆ ಹೋಗಿ, ಅಲ್ಲಿ ನೆಲೆ ನೋಡಿಕೊಂಡು ಮನೆಯವರನ್ನು ಕರೆಸಿಕೊಳ್ಳುತ್ತಿದ್ದರು. ಅಪ್ಪನೂ ಹಾಗೇ ಹೋಗಿದ್ದ. ಯಲಬುರ್ಗಾದ ಹತ್ತಿರದ ನಮ್ಮ ಹಳ್ಳಿಯಲ್ಲಿ ಉಳಿದವರು ಅಪ್ಪನ ತಾಯಿಯಾದ ಅಜ್ಜಿ, ಅವ್ವ, ನಾನು, ನಾಲ್ಕು ತಿಂಗಳ ತಂಗಿ. ನನಗೆ ಆಗ ಏಳು ವರ್ಷ.

ನಮ್ಮ ಒಣಸೀಮೆಯಲ್ಲಿ ಪ್ರತಿ ಒಕ್ಕಲುಮನೆಗೂ ಒಂದು ಹಗೇವು ಇರುತ್ತಿತ್ತು. ಅಂಗಳದಲ್ಲಿ ಬಾವಿಯಂತೆ ತೋಡಿದ ಕಾಳಿನ ಗುಂಡಿ ಅದು. ಬಾಯಿ ಒಬ್ಬರು ಇಳಿಯುವಷ್ಟೇ, ಒಳಗೆ ಮಾತ್ರ ಹತ್ತಾರು ಚೀಲ ಜೋಳ ಹಿಡಿಸುವ ಹೊಟ್ಟೆ. ತುಂಬಿಸಿ, ಬಾಯಿಗೆ ಕಲ್ಲುಚಪ್ಪಡಿ ಮುಚ್ಚಿ, ಮೇಲೆ ಮಣ್ಣು ಎಳೆದು ಸಾರಿಸಿದರೆ ಎಲ್ಲಿದೆ ಎಂದು ಹೊರಗಿನವರಿಗೆ ತಿಳಿಯದು. ಬಂದೂಕಿನವರು ಅದನ್ನು ಹುಡುಕಲು ಒಂದು ಉಪಾಯ ಮಾಡಿದ್ದರು. ಬಂದೂಕಿನ ಹಿಂಬದಿಯಿಂದ ನೆಲವನ್ನು ಬಡಿಯುತ್ತಾ ಬರುತ್ತಿದ್ದರು. ಎಲ್ಲಿ ಟೊಳ್ಳು ಸದ್ದು ಬಂತೋ ಅಲ್ಲಿ ಅಗೆಯುತ್ತಿದ್ದರು. ಇದು ನಮ್ಮಂಥ ಮಕ್ಕಳಿಗೂ ಗೊತ್ತಿತ್ತು. ಬಡಿಯುವ ಆಟವನ್ನೇ ಆಡುತ್ತಿದ್ದೆವು, ದೇವರೇ.

ಅವರು ನಮ್ಮ ಊರಿಗೆ ಬಂದದ್ದು ಬೆಳಗಿನ ಹೊತ್ತು. ನಮ್ಮ ಹಗೇವು ಆ ವರ್ಷ ಬರಿದಾಗಿತ್ತು. ಅಜ್ಜಿ ಎರಡು ದಿನ ಮೊದಲೇ ಅದರ ಬಾಯಿ ತೆರೆದು ಗಾಳಿಯಾಡಲು ಬಿಟ್ಟು, ಕಂದೀಲು ಇಳಿಬಿಟ್ಟು ಒಳಗಿನ ಗಾಳಿ ನೋಡಿಟ್ಟಿದ್ದಳು. ಆ ದಿನ ನಮ್ಮನ್ನು ಅದರೊಳಗೆ ಇಳಿಸಿ ಮೇಲಿನಿಂದ ಚಪ್ಪಡಿ ಎಳೆದಳು. ಕತ್ತಲು. ಹಳೆಯ ಜೋಳದ ಮುಗ್ಗು ವಾಸನೆ. ಅವ್ವ ತಂಗಿಯನ್ನು ತೊಡೆಯ ಮೇಲೆ ಮಲಗಿಸಿಕೊಂಡು, ಅವಳ ಬಾಯಿಯ ಮೇಲೆ ಕೈ ಇಟ್ಟಳು. ಆ ಕೈಯ ಮೇಲೆ ನಾನು ನನ್ನ ಕೈ ಇಟ್ಟೆ. ಆಮೇಲೆ ನೆತ್ತಿಯ ಮೇಲೆ ಸಪ್ಪಳ ಶುರುವಾಯಿತು. ಬಡಿದರು, ಬಡಿದರು... ನನಗೆ ನೆನಪಿದ್ದದ್ದು ಅಷ್ಟೇ. ಕೊನೆಗೆ ಅದು ನಿಂತಿತು. ಬಹಳ ಹೊತ್ತಿನ ನಂತರ ಚಪ್ಪಡಿ ಸರಿಸಿದವನು ನಮ್ಮ ಪಕ್ಕದ ಮನೆಯ ಪಿಂಜಾರ ಕಾಕಾ. ನನ್ನ ಮುಖದ ಮೇಲೆ ಅವ್ವನ ಸೆರಗು ಬಿತ್ತು. ಸೆರಗಿನೊಳಗೇ ಎತ್ತಿ ಗಾಡಿಯಲ್ಲಿ ಕೂರಿಸಿದರು. ಕಾಕಾನೇ ಗಾಡಿ ಹೊಡೆದು ನಮ್ಮನ್ನು ಗಡಿ ದಾಟಿಸಿದ. ಅಜ್ಜಿ ಎಲ್ಲಿ ಎಂದು ಕೇಳಿದರೆ, ಜ್ವರ ಬಂದು ಹೋದಳು ಎಂದು ಅವ್ವ ಅಂದಳು. ಮುಂದೆ ಎಂದೂ ಆ ಮಾತು ಎತ್ತಲಿಲ್ಲ.

ಗದಗಿನ ಕಡೆ, ನಮ್ಮಂತೆ ಓಡಿಬಂದವರಿಗೆಂದು ಹಾಕಿದ್ದ ಕ್ಯಾಂಪಿನಲ್ಲಿ ಅಪ್ಪನ ಜೊತೆ ಒಂದು ವರ್ಷದ ಮೇಲೆ ಇದ್ದೆವು. ದೊಡ್ಡ ಹಂಡೆಗಳಲ್ಲಿ ಅನ್ನ, ಗಂಜಿ. ರೊಟ್ಟಿ ಎಂಬುದು ಅಲ್ಲಿರಲಿಲ್ಲ. ಅದಕ್ಕೇ ನನ್ನೊಳಗೆ ಏನು ಕುಳಿತಿದೆ ಎಂದು ಅಲ್ಲಿ ಯಾರಿಗೂ ತಿಳಿಯಲಿಲ್ಲ. ನನಗೂ ತಿಳಿಯಲಿಲ್ಲ.

ಎಲ್ಲ ತಣ್ಣಗಾದ ಮೇಲೆ ವಾಪಸ್ಸು ಬಂದರೆ ಹಳ್ಳಿಯ ಮನೆಗೆ ಸೂರಿರಲಿಲ್ಲ, ಎತ್ತು ಇರಲಿಲ್ಲ. ಅಪ್ಪ ಕುಕನೂರಿನ ಹತ್ತಿ ಅಂಗಡಿಯಲ್ಲಿ ಹಮಾಲಿಗೆ ನಿಂತ. ಒಕ್ಕಲಿಗನಾಗಿ ಹುಟ್ಟಿದವನು ಬೇರೆಯವರ ಹತ್ತಿಯ ಅಂಡಿಗೆ ಹೊರುವುದನ್ನು ಕಲಿತ. ಅಕ್ಕ ತನ್ನ ಖಾನಾವಳಿಯ ಹಿಂದಿನ ಕೋಣೆಯನ್ನು ನಮಗೆ ಬಿಟ್ಟುಕೊಟ್ಟಳು. ಬಾಡಿಗೆಯ ಬದಲು ಅವ್ವ ಅಲ್ಲಿ ಪಾತ್ರೆ ತೊಳೆಯಬೇಕು, ಪಲ್ಯ ಸೋಸಬೇಕು. ಒಂದು ವಿಚಿತ್ರವೆಂದರೆ, ಅವ್ವ ರೊಟ್ಟಿಗೆ ಮಾತ್ರ ಕೂರಲಿಲ್ಲ.

“ನನಗ ರೊಟ್ಟಿ ಬಡಿಯಾಕ ಬರಾಂಗಿಲ್ರಿ ಅಕ್ಕಾರ,” ಎಂದುಬಿಟ್ಟಳು.

ಅಕ್ಕ ಹಂಚಿನಿಂದ ಕಣ್ಣೆತ್ತಿ ನೋಡಿದಳು. “ಯಲಬುರ್ಗಿ ಸೀಮ್ಯಾಕಿಗೆ ರೊಟ್ಟಿ ಬರಾಂಗಿಲ್ಲ? ಮೀನಿಗೆ ಈಸಾಕ ಬರಾಂಗಿಲ್ಲಂತ ಹೇಳು, ಅದನ್ನರ ನಂಬತೀನಿ.”

ಅವ್ವ ತಲೆ ತಗ್ಗಿಸಿ ಪಾತ್ರೆ ತಿಕ್ಕುತ್ತಿದ್ದಳು. ಅಕ್ಕ ಮತ್ತೆ ಕೇಳಲಿಲ್ಲ.

ಖಾನಾವಳಿಯೆಂದರೆ ಬೆಳಗಿನಿಂದ ಮಧ್ಯಾಹ್ನದ ತನಕ ರೊಟ್ಟಿಯ ಸಪ್ಪಳ. ಆ ಕಾಲದಲ್ಲಿ ಬಾಗಿಲಿಗೆ ಬೋರ್ಡು ಇರಲಿಲ್ಲ, ಓದಬಲ್ಲವರೂ ಕಡಿಮೆ. ಸಂತೆಗೆ ಬಂದ ಗಾಡಿಯವರು ರಸ್ತೆಯಲ್ಲಿ ಆ ಬಡಿತ ಕೇಳಿಯೇ ಒಳಗೆ ಬರುತ್ತಿದ್ದರು. ಸಪ್ಪಳ ಇದ್ದರೆ ಒಲೆ ಹತ್ತಿದೆ, ಬಿಸಿ ರೊಟ್ಟಿ ಇದೆ ಎಂದು ಅರ್ಥ. ಬೇರೆ ಮಕ್ಕಳಿಗೆ ಆ ಸದ್ದಿಗೆ ಹಸಿವಾಗುತ್ತಿತ್ತು. ನನಗೆ ಗೋಡೆಯ ಆಚೆ ಅದು ಶುರುವಾದೊಡನೆ ಮೈ ತಣ್ಣಗಾಗುತ್ತಿತ್ತು. ತಂಗಿಯನ್ನು ಎಳೆದುಕೊಂಡು ಮೂಲೆಯ ಚೀಲಗಳ ಹಿಂದೆ ಹೋಗಿ ಕೂರುತ್ತಿದ್ದೆ. ಹಾಗೆ ಕೂತಾಗ ನನ್ನ ಕೈ ಅವಳ ಬಾಯಿಯ ಮೇಲೆ ಇರುತ್ತಿತ್ತು ಎಂಬುದು ನನ್ನ ನೆನಪಿನಲ್ಲಿಲ್ಲ. ಇದನ್ನು ಯಾವ ಕೋರ್ಟಿನಲ್ಲಿ ಬೇಕಾದರೂ ಪ್ರಮಾಣ ಮಾಡಿ ಹೇಳಬಲ್ಲೆ. ಆ ಹೊತ್ತಿನಲ್ಲಿ ನಾನು ಕುಕನೂರಿನಲ್ಲಿ ಇರುತ್ತಲೇ ಇರಲಿಲ್ಲ.

ದೀಪಾವಳಿ ಹತ್ತಿರವಿದ್ದ ಒಂದು ಸಂತೆಯ ದಿನ. ಗಿರಾಕಿಗಳು ಬಾಗಿಲ ಹೊರಗೂ ಕಾದಿದ್ದರು. ಅಕ್ಕನ ಕೈ ನಿಂತೇ ಇರಲಿಲ್ಲ. ಜೋಳದ ಹಿಟ್ಟಿನ ಚೀಲ ತರಲು ಅವಳೇ ನಮ್ಮ ಕೋಣೆಗೆ ಬಂದಳು. ಚೀಲ ಎಳೆದಾಗ ನಾವಿಬ್ಬರೂ ಕಂಡೆವು. ಒಂದೂವರೆ ವರ್ಷದ ತಂಗಿಯ ಕಣ್ಣುಗಳು ಮೇಲಕ್ಕೆ ಸಿಕ್ಕಿಕೊಂಡಿದ್ದವು, ತುಟಿ ನೀಲಿ. ನನ್ನ ಎರಡೂ ಕೈ ಅವಳ ಮೂಗುಬಾಯಿಯ ಮೇಲೆ. ಅಕ್ಕ ನನ್ನ ಬೆರಳುಗಳನ್ನು ಒಂದೊಂದಾಗಿ ಕಿತ್ತಳಂತೆ. ಒಮ್ಮೆಗೇ ಬಿಡಿಸಲು ಆಗಲಿಲ್ಲವಂತೆ. ತಂಗಿಯನ್ನು ಬೋರಲು ಹಿಡಿದು ಬೆನ್ನಿಗೆ ಗುದ್ದಿದಳು. ಕೂಸು ಕೆಮ್ಮಿ, ಕಿರುಚಿ, ಅತ್ತಿತು. ಆಮೇಲೆ ನನ್ನ ಕೆನ್ನೆಗೆ ಒಂದು ಬಿಟ್ಟಳು. ಹಿಟ್ಟಿನ ಕೈ. ಆ ಏಟಿನಿಂದಲೇ ನಾನು ಈ ಲೋಕಕ್ಕೆ ಬಂದದ್ದು.

“ಏನ್ ಮಾಡಾಕತ್ತಿದ್ದಿ?” ಎಂದು ಕೇಳಿದಳು. ಕೂಗಲಿಲ್ಲ, ಮೆಲ್ಲಗೆ ಕೇಳಿದಳು.

“ಅವರು ಬಡಿಯಾಕತ್ತಾರ,” ಎಂದೆ. “ಕೂಸು ಅತ್ತರ ಕೇಳತೈತಿ.”

ಅಕ್ಕ ಗೋಡೆಯ ಕಡೆ ನೋಡಿದಳು. ಗೋಡೆಯ ಆಚೆ ಕೂಲಿ ಹೆಂಗಸೊಬ್ಬಳು ಅಕ್ಕನ ಜಾಗದಲ್ಲಿ ಕೂತು ರೊಟ್ಟಿ ಬಡಿಯುತ್ತಿದ್ದಳು. ಅಕ್ಕ ನನ್ನನ್ನು ನೋಡಿದಳು, ಮತ್ತೆ ಗೋಡೆ ನೋಡಿದಳು. ಎದ್ದು ಹೋದಳು. ಸಪ್ಪಳ ನಿಂತಿತು.

ಆ ರಾತ್ರಿ ಅಪ್ಪ ನಾವು ಹಗೇವಿನಲ್ಲಿ ಅಡಗಿದ್ದನ್ನಷ್ಟೇ ಅಕ್ಕನಿಗೆ ಹೇಳಿದ. ಮರುದಿನ ಅಪ್ಪ ಅವ್ವ ಗಂಟು ಕಟ್ಟತೊಡಗಿದರು. ಈ ಸದ್ದಿನ ಪಕ್ಕದಲ್ಲಿ ಇದ್ದರೆ ಒಂದು ಮಗು ಹೋಗುತ್ತದೆ, ಇನ್ನೊಂದು ಅದನ್ನು ಕೊಂದ ಮಗುವಾಗುತ್ತದೆ. ಆದರೆ ಹೋಗುವುದಾದರೂ ಎಲ್ಲಿಗೆ? ನಮ್ಮ ಸೀಮೆಯಲ್ಲಿ ರೊಟ್ಟಿಯ ಸಪ್ಪಳವಿಲ್ಲದ ಮನೆ ಯಾವುದಿದೆ? ಅಕ್ಕ ಬಾಗಿಲಲ್ಲಿ ನಿಂತು, “ಯಾರೂ ಎಲ್ಲಿಗೂ ಹೋಗೂದು ಬ್ಯಾಡ. ಪಾತ್ರಿ ಯಾರ ತೊಳೀತಾರ, ನಿಮ್ಮಪ್ಪ?” ಎಂದು ನನ್ನನ್ನು ಕೇಳಿ, ಅಪ್ಪನ ಕಡೆ ಕೈ ಮಾಡಿ ಹೋದಳು. ಅಂದು ಗೋಡೆಯ ಆಚೆಯಿಂದ ಏನೂ ಕೇಳಲಿಲ್ಲ. ನಾನು ಇಣುಕಿ ನೋಡಿದೆ. ಅಕ್ಕ ಲಟ್ಟಣಿಗೆ ಹಿಡಿದು ಜೋಳದ ರೊಟ್ಟಿ ಲಟ್ಟಿಸುತ್ತಿದ್ದಳು.

ಇದರ ತೂಕ ಈಗಿನವರಿಗೆ ತಿಳಿಯದು. ಜೋಳದ ಹಿಟ್ಟಿಗೆ ಗೋಧಿಯ ಜಿಗುಟಿಲ್ಲ, ಲಟ್ಟಿಸಿದರೆ ಅಂಚು ಒಡೆಯುತ್ತದೆ, ಎತ್ತುವಾಗ ಹರಿಯುತ್ತದೆ. ಮೊದಲ ದಿನಗಳ ರೊಟ್ಟಿ ಸಾಲೆಯ ಮ್ಯಾಪಿನಂತಿದ್ದವು. ಮೂವತ್ತು ವರ್ಷ ಬಡಿದ ಕೈಯನ್ನು ಕಟ್ಟಿಹಾಕಿ ಅಕ್ಕ ಹೊಸ ಸೊಸೆಯಂತೆ ಕಲಿಯಲು ಕೂತಳು. ಹಿಟ್ಟಿಗೆ ಕುದಿಯುವ ಎಸರು ಹೆಚ್ಚು ಹಾಕಿ ನೋಡಿದಳು, ಒದ್ದೆ ಬಟ್ಟೆಯ ಮೇಲೆ ಲಟ್ಟಿಸಿ ನೋಡಿದಳು. ಗಿರಾಕಿಗಳು ಸುಮ್ಮನಿದ್ದಾರೆಯೇ?

“ಏನ್ರಿ ಅಕ್ಕಾರ, ರೊಟ್ಟಿ ಬಾಯಿ ಬಿದ್ದು ಹೋಗೈತಲ್ಲ? ಯಾರರ ಸತ್ತಾರೇನ್ರಿ ಮನ್ಯಾಗ?” ಎಂದ ದನದ ವ್ಯಾಪಾರಿಯೊಬ್ಬ.

“ನಿನಗ ರೊಟ್ಟಿ ಹೊಟ್ಟಿಗೆ ಬೇಕೋ ಕಿವಿಗೆ ಬೇಕೋ?” ಎಂದಳು ಅಕ್ಕ. “ಕಿವಿಗೆ ಬೇಕಾದ್ರ ಭಜನಿಗೆ ಹೋಗು.”

ಎಲ್ಲರೂ ನಕ್ಕರು. ಆದರೆ ರಸ್ತೆಯಲ್ಲಿ ಹೋಗುವವರು ಸಪ್ಪಳವಿಲ್ಲದ ಬಾಗಿಲನ್ನು ಮುಚ್ಚಿದ ಬಾಗಿಲೆಂದೇ ತಿಳಿದು ಮುಂದೆ ಹೋದರು. ಸಂತೆಯ ದಿನವೂ ಎಲೆಗಳು ಉಳಿದವು. ರಸ್ತೆಯ ಆ ಬದಿ ಇನ್ನೊಬ್ಬರು ಖಾನಾವಳಿ ಹಾಕಿದರು. ಅದರ ಬಡಿತ ನಮ್ಮ ಕೋಣೆಗೆ ಬರದಷ್ಟು ದೂರವಿತ್ತು, ಅಕ್ಕನ ಬಾಗಿಲಿಗೆ ಬರುವಷ್ಟು ಹತ್ತಿರ. ಅಕ್ಕ ಅದನ್ನು ಕೇಳುತ್ತಾ ಲಟ್ಟಿಸುತ್ತಿದ್ದಳು. ಕಾರಣ ಇದು ಎಂದು ಯಾರಿಗೂ ಹೇಳಲಿಲ್ಲ. ಹೇಳಿದ್ದರೆ ಊರೆಲ್ಲ ನನ್ನನ್ನು ನೋಡಲು ಬರುತ್ತಿತ್ತು. ಒಂಬತ್ತು ವರ್ಷದ ನನಗೆ ಇದೊಂದೂ ಅರ್ಥವಾಗಿರಲಿಲ್ಲ. ಅರ್ಥವಾದಾಗ ಧನ್ಯವಾದ ಹೇಳುವ ವಯಸ್ಸು ಇಬ್ಬರಿಗೂ ದಾಟಿತ್ತು.

ಆ ಬೇಸಿಗೆಯ ಶುರುವಿನ ಒಂದು ಮಧ್ಯಾಹ್ನ. ಗಿರಾಕಿಗಳೆಲ್ಲ ಎದ್ದು ಹೋಗಿದ್ದರು. ಅಕ್ಕ ಗೋಡೆಗೆ ಒರಗಿ ಕಾಲು ಚಾಚಿ ಕೂತಿದ್ದವಳು ನನ್ನನ್ನು ಕರೆದಳು.

“ಕ್ಯಾಂಪವ್ವಾ, ಬಾ ಇಲ್ಲಿ. ಅವತ್ತು ಹಗೇವಿನ ಮ್ಯಾಲೆ ಬಡದ್ರಲ್ಲ, ಆ ಸಪ್ಪಳ ಹೆಂಗಿತ್ತು? ಬಡದು ತೋರಸು.”

ಯಾರೂ ಅಲ್ಲಿಯವರೆಗೆ ಅದನ್ನು ಕೇಳಿರಲಿಲ್ಲ. ಮರೆತುಬಿಡು ಎಂದವರಿದ್ದರು, ದೇವರ ದಾರ ಕಟ್ಟಿದವರಿದ್ದರು. ಸಪ್ಪಳ ಹೇಗಿತ್ತು ಎಂದು ಕೇಳಿದವರಿಲ್ಲ. ಅಕ್ಕ ರೊಟ್ಟಿಯ ಹಲಗೆಯನ್ನು ನನ್ನ ಮುಂದೆ ತಳ್ಳಿದಳು. ನಾನು ಅಂಗೈಯಿಂದ ಬಡಿದೆ. ಮೂರು ಬಡಿತ, ಒಂದು ಚೂರು ಬಿಡುವು. ಮೂರು ಬಡಿತ, ಬಿಡುವು. ಕೊನೆಗೆ ಬೇಗಬೇಗ ಎರಡು ಸಣ್ಣವು.

ಅಕ್ಕ ನೆಟ್ಟಗೆ ಕೂತಳು. “ಮತ್ತೊಮ್ಮೆ.”

ಬಡಿದೆ.

“ಆಮ್ಯಾಲೆ? ಸುಮ್ಮನಾಗತಿತ್ತೇನು?”

“ಹ್ಞೂಂ. ಒಂದೀಟು ಹೊತ್ತು. ಮತ್ತ ಶುರು ಆಗತಿತ್ತು.”

“ಎಷ್ಟೊತ್ತು? ಕಣ್ಣು ಮುಚ್ಚು. ಮನಸಿನ್ಯಾಗ ಸುಮ್ಮನಾಗು. ಆತು ಅನ್ನಿಸಿದಾಗ ಹೇಳು.”

ಕಣ್ಣು ಮುಚ್ಚಿದೆ. ಹಗೇವಿನ ಕತ್ತಲು ಬಂತು. ಆ ಮೌನದಲ್ಲಿ ನಾನು ಎಷ್ಟು ಸಲ ಕೂತಿದ್ದೆನೆಂದರೆ ಅದರ ಉದ್ದ ನನಗೆ ನನ್ನ ಉಸಿರಿನಂತೆ ಗೊತ್ತಿತ್ತು. ಹೆದರಿಕೆಗೆ ನಡುವೆ ಕಣ್ಣು ಬಿಟ್ಟೆ. ಅಕ್ಕ ನನ್ನನ್ನು ನೋಡುತ್ತಿರಲಿಲ್ಲ. ಆರಿದ ಒಲೆಯ ಮುಂದೆ ಅವಳ ಕೈಗಳು ಗಾಳಿಯಲ್ಲಿ ಕೆಲಸ ಮಾಡುತ್ತಿದ್ದವು. ಇಲ್ಲದ ರೊಟ್ಟಿಯನ್ನು ಎರಡೂ ಕೈಯಲ್ಲಿ ಎತ್ತಿ ಇಲ್ಲದ ಬೆಂಕಿಯ ಮೇಲೆ ಹಾಕಿದ್ದಳು. ಒದ್ದೆ ಬಟ್ಟೆ ಆಡಿಸಿದಳು. ತಿರುವಿ ಹಾಕಿದಳು. ಅಂಚು ಒತ್ತಿ ಒತ್ತಿ ಉಬ್ಬಿಸಿದಳು. ಎತ್ತಿ ಬುಟ್ಟಿಗೆ ಹಾಕಿ ಮುಂದಿನ ಹಿಟ್ಟಿನ ಉಂಡೆಗೆ ಕೈ ಚಾಚಿದಳು.

“ಈಗ,” ಎಂದೆ ನಾನು, ಅದೇ ಕ್ಷಣದಲ್ಲಿ.

ಅವಳ ಕೈ ಅಲ್ಲೇ ನಿಂತಿತು... ಮುಂದೆ ಕಾನ್ವೆಂಟಿನಲ್ಲಿ ನನಗೆ ಮಿರಕಲ್ ಎಂಬ ಪದ ಕಲಿಸಿದರು, ಟೀಚರ್ಸ್ ಟ್ರೈನಿಂಗಿನಲ್ಲಿ ಚೈಲ್ಡ್ ಸೈಕಾಲಜಿ ಓದಿಸಿದರು. ದೊಡ್ಡ ದೊಡ್ಡವರ ಲೆಕ್ಚರ್ ಕೇಳಿದ್ದೇನೆ. ಆ ಮಧ್ಯಾಹ್ನ ಹಿಟ್ಟಿನ ಕೈಯ ಒಬ್ಬ ಹೆಂಗಸು, ಸಾಲೆಯ ಮೆಟ್ಟಿಲು ಹತ್ತದವಳು, ಒಂದು ಮಗುವಿನ ಕತ್ತಲೊಳಗೆ ಇಳಿದು ಕೇಳಿಸಿಕೊಂಡ ಹಾಗೆ ಕೇಳಿಸಿಕೊಂಡವರನ್ನು ನಾನು ಮತ್ತೆ ನೋಡಲಿಲ್ಲ.

“ಆಮ್ಯಾಲೆ ಏನಾತು?”

“ಆಮ್ಯಾಲೆ ಸುಮ್ಮನಾಗಲಿಲ್ಲ. ಬರೇ ಬಡದ್ರು. ನಿಲ್ಲಲೇ ಇಲ್ಲ.”

ಅಕ್ಕ ಎದ್ದು ಹಿತ್ತಲ ಬಾಗಿಲಿಗೆ ಹೋದಳು. ಅವ್ವ ಬೂದಿ ಹಚ್ಚಿ ಹಂಡೆ ತಿಕ್ಕುತ್ತಿದ್ದಳು. “ತಂಗೀ, ಒಳಗ ಬಾ,” ಎಂದಳು. ಅವ್ವ ಬಂದು ನಿಂತಳು. “ಬಂದೂಕಿನವರು ನೆಲಾ ಬಡದ್ರ ಮೂರು ಬಡದು ಯಾಕ ತಿರುವತಾರ? ಅಂಚು ಯಾಕ ತಟ್ಟತಾರ? ಅದು ರೊಟ್ಟಿ ಬಡಿಯೂ ಕೈ. ಹೆಣ್ಮಗಳ ಕೈ. ಯಾರದು ಅದು?”

ಅವ್ವ ಕೈಯ ಬೂದಿಯನ್ನು ಸೆರಗಿಗೆ ಒರೆಸತೊಡಗಿದಳು.

“ಕಡೀಕ ಹಂಚಿಗೆ ಹಾಕೇ ಇಲ್ಲ ಆಕಿ,” ಎಂದಳು ಅಕ್ಕ. ಅವಳ ದನಿ ಸಣ್ಣದಾಗಿತ್ತು. “ಹಿಟ್ಟು ತೀರೇತಿ. ಒಂದ ರೊಟ್ಟಿ ಬಡದು, ಮುದ್ದಿ ಮಾಡಿ, ಮತ್ತ ಅದನ್ನ ಬಡದಾಳ. ಯಾಕ ಬಡದಳು ಅಂತ ಈ ಹುಡುಗಿಗೆ ಹೇಳು. ನೀ ಹೇಳಲಿಲ್ಲಂದ್ರ ಇದು ಸಾಯೂತನಕ ಹಗೇವಿನ್ಯಾಗ ಕುಂತಿರತೈತಿ.”

ಅವ್ವ ಒಲೆಯ ಪಕ್ಕ ಕೂತಳು. ಎರಡು ವರ್ಷ ನುಂಗಿಕೊಂಡದ್ದನ್ನು ತುಂಡುತುಂಡಾಗಿ ಹೇಳಿದಳು. ಚಪ್ಪಡಿ ಮುಚ್ಚಲು ಮೇಲೆ ಒಬ್ಬರು ಉಳಿಯಲೇಬೇಕಿತ್ತು. ಅಜ್ಜಿ ಉಳಿದಳು. ಚಪ್ಪಡಿಯ ಮೇಲೆ ಗೋಣಿತಾಟು ಹಾಸಿ, ಅದರ ಮೇಲೆ ರೊಟ್ಟಿಯ ಹಲಗೆ ಇಟ್ಟು, ಪಕ್ಕದಲ್ಲಿ ಮೂರು ಕಲ್ಲಿನ ಒಲೆ ಹೂಡಿ ಕೂತುಬಿಟ್ಟಳು. ಬಂದೂಕಿನವರು ಅಂಗಳವನ್ನೆಲ್ಲ ಬಡಿದರು, ಅವಳು ಕೂತ ಜಾಗವೊಂದನ್ನು ಬಿಟ್ಟು. ಹಸಿದಿದ್ದರು. ಅವಳು ಬಡಿದ ಹಾಗೆ ತಿಂದರು. ಒಳಗೆ ತಂಗಿ ಅತ್ತದ್ದು ಅವ್ವನಿಗೆ ಗೊತ್ತು, ಕೈ ಸಂದಿಯಿಂದ ಅಳು ಹೊರಟೇ ಹೊರಟಿತು. ಮೇಲೆ ರೊಟ್ಟಿಯ ಸಪ್ಪಳ ಅದನ್ನು ಮುಚ್ಚಿತು. ಹಿಟ್ಟು ಮುಗಿದರೂ ಅಜ್ಜಿ ಕೈ ನಿಲ್ಲಿಸಲಿಲ್ಲ. ಪಿಂಜಾರ ಕಾಕಾ ತನ್ನ ಮನೆಯ ಕಿಂಡಿಯಿಂದ ಎಲ್ಲ ನೋಡಿದ್ದ. ಅವರು ಹೋಗುವಾಗ ಒಬ್ಬ ಅವಳನ್ನು ಬಂದೂಕಿನ ತುದಿಯ ಕತ್ತಿಯಿಂದ ತಿವಿದನಂತೆ, ಯಾಕೆಂದು ಅವನಿಗೂ ಗೊತ್ತಿರಲಿಕ್ಕಿಲ್ಲ... ಕಾಕಾ ಬಂದು ನೋಡಿದಾಗ ಹಲಗೆಯ ಮೇಲೆ ಬಾಗಿದ್ದಳು. ಕೈಯಲ್ಲಿ ಹಿಟ್ಟು ಒಣಗಿತ್ತು.

“ಆ ಸಪ್ಪಳ ಮತ್ತ ಎಬ್ಬಸಾಕ ನನ್ನ ಕೈಗೆ ಆಗಲಿಲ್ರಿ ಅಕ್ಕಾರ,” ಎಂದಳು ಅವ್ವ. “ಅತ್ತೀನ್ನ ಮ್ಯಾಲೆ ಬಿಟ್ಟು ನಾ ಕೆಳಗ ಇಳದೆ.”

“ಕೂಸು ಯಾರು ಹಿಡೀಬೇಕಿತ್ತು, ಆಕಿ ಹಾಲು ಕುಡಸತಿದ್ಲೇನು?” ಎಂದಳು ಅಕ್ಕ, ತನ್ನ ಎಂದಿನ ಒರಟು ದನಿಯಲ್ಲಿ. ಒಲೆಗೆ ಪುಳ್ಳೆ ತುರುಕಿ ಬೆಂಕಿ ಮಾಡಿದಳು. ಹಿಟ್ಟು ನಾದಿದಳು. ನಾದಿದ ಉಂಡೆಯನ್ನು ಅವ್ವನ ಮುಂದಿಟ್ಟಳು. “ರೊಟ್ಟಿ ಯಾರ ಕಡೆ ಕಲತಿ ನೀ?”

“ಅತ್ತಿ ಕಡೆ.”

“ಹಂಗಾರ ಬಡಿ.”

ನಮ್ಮಲ್ಲಿ ಪ್ರತಿ ಮನೆಯ ರೊಟ್ಟಿಗೂ ಒಂದು ಕೈ ಇರುತ್ತದೆ. ಅತ್ತೆಯ ಕೈ ಸೊಸೆಗೆ ಬರುತ್ತದೆ. ತವರಿನಲ್ಲಿ ಕಲಿತದ್ದನ್ನೂ ಅತ್ತೆ ತಿದ್ದಿ ತನ್ನದಾಗಿಸಿಕೊಳ್ಳುತ್ತಾಳೆ. ಆ ದಿನದವರೆಗೆ ನನಗೆ ಅದು ಗೊತ್ತಿರಲಿಲ್ಲ. ಅವ್ವ ಸೆರಗಿನಿಂದ ಮುಖ ಒರೆಸಿಕೊಂಡು ಹಲಗೆಯ ಮುಂದೆ ಕೂತಳು. ಮೊದಲ ಬಡಿತಕ್ಕೆ ನನ್ನ ಮೈ ಹಿಂದಕ್ಕೆ ಹಾರಿತು. ಅಕ್ಕ ನನ್ನ ಎರಡೂ ಕೈಗಳನ್ನು ತನ್ನ ಕೈಯೊಳಗೆ ಹಿಡಿದಿದ್ದಳು, ಬಿಡಲಿಲ್ಲ. ಮೂರು ಬಡಿತ, ಒಂದು ತಿರುವು. ಮೂರು ಬಡಿತ, ಒಂದು ತಿರುವು. ಕೊನೆಗೆ ಅಂಚಿಗೆ ಎರಡು ಸಣ್ಣವು. ನನ್ನ ನೆತ್ತಿಯ ಮೇಲೆ ಎರಡು ವರ್ಷದಿಂದ ಬಂದೂಕು ಹಿಡಿದು ಬಡಿಯುತ್ತಿದ್ದವರು ಆ ಅಡುಗೆಮನೆಯಲ್ಲಿ ಒಮ್ಮೆಗೇ ಇಲ್ಲವಾದರು. ಅಲ್ಲಿ ಅಜ್ಜಿ ಕೂತಿದ್ದಳು. ಬೇರೆ ಹೇಗೆ ಬರೆಯಲಿ? ನಾನು ಅಜ್ಜಿಯನ್ನು ಕೇಳಿದೆ.

ತಂಗಿ ತಪ್ಪುಹೆಜ್ಜೆ ಇಡುತ್ತಾ ಬಂದು ಬಿಸಿ ರೊಟ್ಟಿಗೆ ಕೈ ಚಾಚಿದಳು. ಸುಟ್ಟುಕೊಂಡು ಜೋರಾಗಿ ಅತ್ತಳು. ಯಾರೂ ಅವಳ ಬಾಯಿ ಮುಚ್ಚಲಿಲ್ಲ.

ಅಂದಿನಿಂದ ಎಲ್ಲ ವಾಸಿಯಾಯಿತು ಎಂದು ಬರೆದರೆ ಸುಳ್ಳಾಗುತ್ತದೆ. ರೊಟ್ಟಿಯ ಸಪ್ಪಳಕ್ಕೆ ಹೆದರುವುದು ಮೆಲ್ಲಗೆ ಹೋಯಿತು. ಉಳಿದ ಸದ್ದುಗಳು ಉಳಿದವು. ರೈಲ್ವೆಯಲ್ಲಿದ್ದ ಸೋದರಮಾವ ನನ್ನನ್ನು ಹುಬ್ಬಳ್ಳಿಯ ಕಾನ್ವೆಂಟಿಗೆ ಸೇರಿಸಿದ. ಸಿಸ್ಟರ್ ಒಬ್ಬರು ಡೆಸ್ಕಿನ ಮೇಲೆ ರೂಲರ್ ಬಡಿದಾಗಲೆಲ್ಲ ನನ್ನ ಬಲಗೈ ಮೇಲೇಳುತ್ತಿತ್ತು, ಎಡಗೈ ಅದನ್ನು ಹಿಡಿದು ಕೂರಿಸುತ್ತಿತ್ತು. ಮದುವೆಯಾದೆ, ಕೊಪ್ಪಳದಲ್ಲಿ ಮೂವತ್ತು ವರ್ಷ ಟೀಚರಾಗಿದ್ದೆ, ಮಕ್ಕಳನ್ನು ಹೆತ್ತೆ. ನನ್ನ ಕೂಸುಗಳು ಅತ್ತಾಗ ಮಾತ್ರ, ಮೊದಲು ನನ್ನ ಕೈ ಎಲ್ಲಿದೆ ಎಂದು ನೋಡಿಕೊಳ್ಳುತ್ತಿದ್ದೆ. ಈಗ ಅದಕ್ಕೆ ಟ್ರಾಮಾ ಎಂದು ಚಂದದ ಹೆಸರಿದೆ. ಟಿ.ವಿ.ಯಲ್ಲಿ ಯಾವುದೋ ದೇಶದ ಯುದ್ಧ ತೋರಿಸುತ್ತಾರೆ, ಕಲ್ಲುಮಣ್ಣಿನೊಳಗಿಂದ ಎತ್ತಿದ ಮಕ್ಕಳ ಮುಖ ತೋರಿಸುತ್ತಾರೆ. ನಾನು ಚಾನೆಲ್ ಬದಲಿಸುತ್ತೇನೆ.

ಅವ್ವ ಮತ್ತೆ ರೊಟ್ಟಿಗೆ ಕೂತ ಮರುವಾರದ ಸಂತೆಗೆ ಅಕ್ಕನ ಖಾನಾವಳಿಯಲ್ಲಿ ಎರಡು ಹಲಗೆ ಬಿದ್ದವು, ಒಂದು ಅಕ್ಕನದು, ಒಂದು ಅವ್ವನದು. ದನದ ವ್ಯಾಪಾರಿ ಬಾಗಿಲಲ್ಲೇ, “ಓಹೋ, ಬಾಯಿ ಬಂತಲ್ರಿ ರೊಟ್ಟಿಗೆ,” ಎಂದ. “ಬಂತು. ಈಗ ನಿನ್ನ ಬಾಯಿ ಮುಚಗೊಂಡು ತಿನ್ನು,” ಎಂದಳು ಅಕ್ಕ. ಬಾಯಿ ಮುಚ್ಚಿಕೊಂಡು ಹೇಗೆ ತಿನ್ನುವುದೆಂದು ಅವನು ಕೇಳಿದ. ಆ ದಿನ ಒಂದೂ ಎಲೆ ಉಳಿಯಲಿಲ್ಲ.

ನಾನು ಎರಡನೆಯ ಬಾಣಂತನದಲ್ಲಿದ್ದಾಗ ಅಕ್ಕ ತೀರಿಕೊಂಡಳು. ಎಂಟು ದಿನದ ಮೇಲೆ ಅಪ್ಪನ ಕಾರ್ಡು ಬಂತು. ಅವಳ ಒಂದು ಫೋಟೋ ಕೂಡ ನನ್ನ ಬಳಿ ಇಲ್ಲ. ಆ ಜಾಗದಲ್ಲಿ ಈಗ ಮೊಬೈಲ್ ರಿಪೇರಿಯ ಅಂಗಡಿಯಿದೆ.

ಚೀಲಗಳ ಹಿಂದೆ ಏನಾಯಿತೆಂದು ನಾನು ತಂಗಿಗೆ ಎಂದೂ ಹೇಳಲಿಲ್ಲ. ಅವಳು ಸಿದ್ದಾಪುರಕ್ಕೆ ಮದುವೆಯಾಗಿ ಹೋದಳು. ನೆಲ್ಲಿನ ಸೀಮೆ, ಅನ್ನ ಉಣ್ಣುವ ಮನೆ. ಎಲ್ಲರನ್ನೂ ನಗಿಸುವ ಹೆಂಗಸಾದಳು, ದೊಡ್ಡ ದನಿಯವಳು. ಅವಳ ದನಿ ಕೇಳಿದಾಗಲೆಲ್ಲ ನನಗೆ ಸಂತೋಷವೂ ಆಗುತ್ತಿತ್ತು, ಬೆವರೂ ಬರುತ್ತಿತ್ತು. ಹೇಳಬೇಕು ಎಂದು ಪ್ರತಿ ವರ್ಷ ಅಂದುಕೊಂಡೆ. ಹೋದ ವರ್ಷ ಅವಳು ಹಾಸಿಗೆ ಹಿಡಿದಾಗ ಹೋಗಿ ಪಕ್ಕದಲ್ಲಿ ಕೂತೆ. ಇನ್ನು ಹೇಳದಿದ್ದರೆ ಆಗದು ಎಂದು, “ಕುಕನೂರಾಗ ಒಂದ ದಿನ ನಾನು ನಿನ್ನ...” ಎಂದು ಶುರು ಮಾಡಿದೆ.

ಅವಳು ನನ್ನ ಬಲಗೈ ಎಳೆದುಕೊಂಡು ತನ್ನ ಕೆನ್ನೆಯ ಕೆಳಗೆ ಇಟ್ಟುಕೊಂಡಳು. “ಖಾನಾವಳಿ ಅಕ್ಕಾರು ನನಗ ಹೇಳ್ಯಾರ ಬಿಡು,” ಎಂದಳು. “ನನ್ನ ಮದಿವಿ ಹಿಂದಿನ ದಿನಾನ ಕುಂದರಿಸಿಕೊಂಡು ಹೇಳ್ಯಾರ. ನಿಮ್ಮಜ್ಜಿ ಮ್ಯಾಲೆ ಕುಂತು ಉಳಿಸಿದಳು, ನಿಮ್ಮಕ್ಕ ಕೆಳಗ ಕುಂತು ಉಳಿಸಿದಳು. ಎಂಟು ವರ್ಷ ಆಗಿರಲಿಲ್ಲ ಆಕಿಗೆ, ನಿನ್ನ ಬಾಯಿ ಮ್ಯಾಲಿನ ಕೈ ತಗೀಲಿಲ್ಲ ಅಂತ.”

ನಾನು ಬಾಯಿ ತೆರೆದೆ. ತಿದ್ದಬೇಕಿತ್ತು. ಹಗೇವಿನಲ್ಲಿ ನನ್ನ ಕೈ ಅವ್ವನ ಕೈಯ ಮೇಲಿತ್ತಷ್ಟೇ, ನಿನ್ನ ಬಾಯಿಯ ಮೇಲೆ ಅದು ಇದ್ದದ್ದು ಕುಕನೂರಿನಲ್ಲಿ ಎಂದು ಹೇಳಬೇಕಿತ್ತು. ತಂಗಿ ಕಣ್ಣು ಮುಚ್ಚಿದ್ದಳು. ಅವಳ ಉಸಿರು ನನ್ನ ಅಂಗೈಗೆ ಬೆಚ್ಚಗೆ ತಾಕುತ್ತಿತ್ತು, ಹೋಗುತ್ತಿತ್ತು, ಬರುತ್ತಿತ್ತು. ನಾನು ಕೈಯನ್ನು ಅಲ್ಲೇ ಬಿಟ್ಟೆ.

ಹದಿನೈದು ದಿನದ ಮೇಲೆ ಅವಳು ಹೋದಳು. ಅಕ್ಕ ತಂಗಿಗೆ ಬೇಕೆಂದೇ ಹಾಗೆ ಹೇಳಿದಳೋ, ಇಲ್ಲ ಆ ದಿನ ನನ್ನ ಬೆರಳುಗಳನ್ನು ಒಂದೊಂದಾಗಿ ಬಿಡಿಸುವಾಗ ಅಕ್ಕನಿಗೆ ನಿಜವಾಗಿಯೂ ಕಂಡದ್ದೇ ಉಳಿಸುವ ಕೈಯೋ... ಕೇಳಲು ಈಗ ಇಬ್ಬರೂ ಇಲ್ಲ.